ಹೂಂ ಎನ್ನುವ ಬೆಟ್ಟ

ಕಟ್ಟಿಕೊಂಡ ಹೆಂಡತಿ ಅದೇ ಜಲಪಾತ ನೋಡಲು ಮೂರನೆಯ ಸಲ ಹೊರಟು ನಿಂತರೆ ಯಾವ ಗಂಡನಿಗಾದರೂ ಅನುಮಾನ ಬಂದೀತು. ವಾಚಣ್ಣನಿಗೆ ಆ ಅನುಮಾನವೂ ತಾನಾಗಿ ಬರಲಿಲ್ಲ. ಪಕ್ಕದ ಅಂಗಡಿಯ ಟೈಲರ್ ತಂದುಕೊಡಬೇಕಾಯಿತು.

ವಾಚಣ್ಣ ಎಂದರೆ ರಸ್ತೆಯ ಮೂಲೆಯ ಗಡಿಯಾರ ರಿಪೇರಿ ಅಂಗಡಿಯವನು. ಮುಂದೆ ಅಂಗಡಿ, ಹಿಂದೆ ಮನೆ, ಅಂಗಡಿಯ ನೆತ್ತಿಗೆ ಸರಿಯಾಗಿ ಮಹಡಿಯ ಮೇಲೊಂದು ಖಾಲಿ ರೂಮು. ಬೆಳಿಗ್ಗೆ ಬಲಗಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ತಲೆ ತಗ್ಗಿಸಿದನೆಂದರೆ ಮತ್ತೆ ಎತ್ತುವುದು ಊಟದ ಹೊತ್ತಿಗೇ. ಸಾಸಿವೆಗಿಂತ ಚಿಕ್ಕ ಚಕ್ರದಲ್ಲಿ ಯಾವ ಹಲ್ಲು ಸವೆದಿದೆ ಎಂದು ಅವನು ಹೇಳಬಲ್ಲ. ಎದುರಿಗೆ ನಿಂತ ಹೆಂಡತಿ ಹೊಸ ಬಟ್ಟೆ ಹಾಕಿದ್ದಾಳೋ ಹಳೆಯದೋ ಎಂದು ಮಾತ್ರ ಹೇಳಲಾರ. ಅವಳು ಏನು ಕೇಳಿದರೂ "ಹೂಂ" ಎನ್ನುವುದು ಅವನ ಪದ್ಧತಿ. ಅದರಿಂದ ಇಬ್ಬರಿಗೂ ಸಮಯ ಉಳಿಯುತ್ತದೆ ಎಂದು ಅವನು ತಿಳಿದಿದ್ದ.

"ಮೊದಲ್ನೇ ಸಲ ತಂಗಿ ಮನೆಯವರ ಜೊತೆ ಹೋದ್ರು, ಸರಿ," ಎಂದ ಟೈಲರ್, ಬಾಯಲ್ಲಿದ್ದ ಗುಂಡುಸೂಜಿ ತೆಗೆದು. "ಎರಡ್ನೇ ಸಲ ಗೆಳತೀರ ಜೊತೆ, ಅದೂ ಸರಿ. ಮೂರ್ನೇ ಸಲ ಯಾಕಪ್ಪಾ? ನೀರೇನು ಈ ಸಲ ಮೇಲಕ್ಕೆ ಹರಿಯುತ್ತಾ?"

"ಚೆನ್ನಾಗಿರ್ಬೇಕು, ಅದಕ್ಕೆ," ಎಂದ ವಾಚಣ್ಣ.

"ಚೆನ್ನಾಗಿರೋದು ಜಲಪಾತವೋ, ಕರ್ಕೊಂಡು ಹೋಗೋ ಗೈಡೋ? ನಿನ್ನೆ ನಿನ್ನ ಹೆಂಡ್ತಿ ಹಾಲಿನವನಿಗೆ ಆ ಗೈಡ್ ಹೇಳಿದ ಜೋಕು ಹೇಳಿ ಬಿದ್ದು ಬಿದ್ದು ನಗ್ತಿದ್ರು. ನಾನು ಕಣ್ಣಾರೆ ಕಂಡೆ."

ವಾಚಣ್ಣನ ಕಣ್ಣಿಂದ ಭೂತಗನ್ನಡಿ ಕಳಚಿ ಬಿತ್ತು. ಹೆಂಡತಿ ಬಿದ್ದು ಬಿದ್ದು ನಕ್ಕದ್ದು! ಆ ನಗು ಅವನಿಗೆ ಗೊತ್ತಿತ್ತು. ಮದುವೆಯಾದ ಹೊಸದರಲ್ಲಿ ಅವನ ಎಂಥೆಂಥ ಸಪ್ಪೆ ಮಾತಿಗೂ ಅವಳು ಹಾಗೆ ನಗುತ್ತಿದ್ದಳು, ಕೊನೆಗೆ ಬಿಕ್ಕಳಿಕೆ ಬರುವ ತನಕ. ಯಾವಾಗ ನಿಂತಿತೋ ಗಮನಿಸಿರಲಿಲ್ಲ. ಈಗ ಅದು ಬೇರೆ ಯಾವನೋ ಕೊಟ್ಟ ಕೀಲಿಗೆ ಓಡುತ್ತಿದೆ ಎಂದರೆ? ಬಿದ್ದ ಭೂತಗನ್ನಡಿಯನ್ನು ಜೇಬಿಗೆ ತುರುಕಿಕೊಂಡು ಎದ್ದ.

ಒಳಗೆ ಹೋಗಿ, "ಈ ಸಲ ನಾನೂ ಬರ್ತೀನಿ," ಎಂದ.

"ನೀವಾ? ಅಂಗಡಿ ಮುಚ್ಚಿ?" ಎಂದು ಅವಳು ಬಾಯಿ ಬಿಟ್ಟಳು. ಮುಖ ಕೆಂಪಗಾಯಿತು. ಅದು ಸಂತೋಷಕ್ಕೆ ಆದದ್ದು ಎಂದು ಬೇರೆ ಯಾರಾದರೂ ಹೇಳುತ್ತಿದ್ದರು. ವಾಚಣ್ಣನಿಗೆ ಕಳ್ಳತನ ಸಿಕ್ಕಿಬಿದ್ದಂತೆ ಕಂಡಿತು.

ಸಾಕ್ಷಿಗೆ ಒಬ್ಬರು ಇರಲಿ ಎಂದು ಟೈಲರ್ ಕೂಡ ಹೊರಟ.

ಬೆಳಿಗ್ಗೆ ವ್ಯಾನಿನ ಬಾಗಿಲಲ್ಲೇ ಗೈಡ್ ನಿಂತಿದ್ದ. ಕೊರಳಲ್ಲಿ ಸೀಟಿ, ಮೈಮೇಲೆ ಕಂಪನಿಯ ಹಳದಿ ಜಾಕೀಟು, ಬಾಯಿ ತುಂಬ ಹಲ್ಲು. ಆ ಹಲ್ಲುಗಳಲ್ಲಿ ಒಂದಾದರೂ ಸವೆದಿದೆಯೇ ಎಂದು ವಾಚಣ್ಣ ನೋಡಿದ. ಇರಲಿಲ್ಲ.

"ಬನ್ನಿ ಮೇಡಂ! ನಿಮ್ಮ ಸೀಟು ಹಾಗೇ ಇಟ್ಟಿದ್ದೀನಿ, ಮುಂದೆ, ನನ್ನ ಪಕ್ಕ. ಇವ್ರು ಯಾರು?"

"ನಮ್ಮ ಯಜಮಾನ್ರು."

"ಓಹೋ! ಬನ್ನಿ ಸಾರ್, ಹಿಂದೆ ಚಕ್ರದ ಮೇಲೆ ಒಂದು ಸೀಟಿದೆ."

ಚಕ್ರದ ಮೇಲಿನ ಸೀಟಿನಲ್ಲಿ ವಾಚಣ್ಣ ಮತ್ತು ಟೈಲರ್ ಹುರಿಗಾಳಿನಂತೆ ಎಗರುತ್ತ ಕೂತರು. ಮುಂದಿನ ಸಾಲಿನಲ್ಲಿ ಹೊಸದಾಗಿ ಮದುವೆಯಾದ ಒಂದು ಜೋಡಿ. ಅವರ ಪಕ್ಕ ನಿವೃತ್ತ ಲೆಕ್ಕದ ಮೇಷ್ಟ್ರು, ಜೀವಮಾನದಲ್ಲಿ ಯಾರಿಗೂ ಭೇಷ್ ಎಂದವರಲ್ಲ ಎಂದು ಮುಖವೇ ಹೇಳುತ್ತಿತ್ತು.

ತಿರುವಿನಲ್ಲಿ ವ್ಯಾನು ನಿಂತಿತು. ಎರಡು ಬೆಟ್ಟ ಎದುರುಬದುರು ನಿಂತಿದ್ದವು.

"ಎಡಗಡೆ ಇರೋದು ಗಂಡಬೆಟ್ಟ," ಎಂದ ಗೈಡ್. "ಸಾವಿರಾರು ವರ್ಷದಿಂದ ಕೂತಲ್ಲೇ ಕೂತಿದೆ. ಏನು ಕೂಗಿ ಹೇಳಿದ್ರೂ ವಾಪಸ್ ಬರೋದು ಒಂದೇ ಸದ್ದು: ಹೂಂ! ಬಲಗಡೆ ಇರೋದು ಹೆಂಡತಿಬೆಟ್ಟ. ಅದರಿಂದಲೇ ನೀರು ಸುರಿಯೋದು."

ವ್ಯಾನು ಗೊಳ್ಳೆಂದಿತು. ವಾಚಣ್ಣ ನಗಲಿಲ್ಲ. ಅವನ ಕಣ್ಣು ಡ್ರೈವರನ ಕನ್ನಡಿಯಲ್ಲಿ ಕಾಣುತ್ತಿದ್ದ ಹೆಂಡತಿಯ ತುಟಿಯ ಮೇಲಿತ್ತು. ಗೈಡ್ ಒಂದೊಂದು ಮಾತು ಹೇಳುವ ಮೊದಲೇ ಆ ತುಟಿ ಸದ್ದಿಲ್ಲದೆ ಅದೇ ಮಾತನ್ನು ಆಡುತ್ತಿತ್ತು. ಅವನು ಕೈ ಎತ್ತಿ ತೋರಿಸಿದರೆ ಅವಳ ಬೆರಳೂ ಮಡಿಲಲ್ಲೇ ಆ ಕಡೆ ತಿರುಗುತ್ತಿತ್ತು. ಮನಸ್ಸು ಇಷ್ಟರ ಮಟ್ಟಿಗೆ ಒಂದಾಗಿದೆಯೇ!

ವ್ಯಾನು ಮತ್ತೆ ಹೊರಟಾಗ, ತಾನೂ ಕಮ್ಮಿಯಿಲ್ಲ ಎಂದು ತೋರಿಸಲು ವಾಚಣ್ಣ ಎದ್ದು ನಿಂತ. "ಒಬ್ಬ ಗಡಿಯಾರ ತಂದಿದ್ದ. ಓಡ್ತಿಲ್ಲ ಅಂದ. ನಾನು ಹೇಳ್ದೆ, ಓಡಿದ್ರೆ ನಿಮ್ಮ ಕೈಗೆ ಸಿಗ್ತಿತ್ತಾ ಅಂತ!"

ವ್ಯಾನಿನಲ್ಲಿ ಎಂಜಿನ್ನಿನ ಸದ್ದು ಮಾತ್ರ ಕೇಳಿಸಿತು. ಮುಂದಿನ ತಿರುವು ದಾಟಿದ ಮೇಲೆ ಟೈಲರ್ ಒಬ್ಬನೇ "ಹಹ್ಹಾ" ಎಂದ. ಅದು ಇನ್ನೂ ಅವಮಾನವಾಯಿತು.

ಟೀ ಕುಡಿಯಲು ನಿಲ್ಲಿಸಿದಾಗ ವಾಚಣ್ಣ ನೇರವಾಗಿ ಡ್ರೈವರನ ಹತ್ತಿರ ಹೋದ. "ನಿಮ್ಮ ಗೈಡಿನ ಮೇಲೆ ದೂರು ಕೊಟ್ರೆ ತೆಗೆದು ಹಾಕ್ತಾರಾ?"

ಡ್ರೈವರ್ ನಕ್ಕ. "ದೂರು ಕೊಟ್ರೆ ಏನೂ ಆಗಲ್ಲ ಸಾರ್. ಸಂಜೆ ವಾಪಸ್ ಬಂದಾಗ ನಮ್ಮ ಕಂಪನಿ ಯಜಮಾನಿಯೇ ಟೀ ಕೊಟ್ಟು ಒಬ್ಬೊಬ್ಬರನ್ನೂ ವಿಚಾರಿಸ್ತಾರೆ. ಯಾರಾದ್ರೂ ಬೈದ್ರೆ, 'ಪಾಪ, ತಿರುವಿನಲ್ಲಿ ಹೊಟ್ಟೆ ತೊಳಸಿರ್ಬೇಕು' ಅಂತ ಬಿಟ್ಟುಬಿಡ್ತಾರೆ. ಗೈಡಿಗೆ ಅಪಾಯ ಇರೋದು ಹೊಗಳಿಕೆಯಿಂದ."

"ಹೊಗಳಿಕೆಯಿಂದಲಾ?"

"ವ್ಯಾನಿಗೆ ವ್ಯಾನೇ ಒಂದೇ ಬಾಯಲ್ಲಿ ಹೊಗಳಿದ್ರೆ, 'ಇಷ್ಟು ಒಳ್ಳೆಯವನು ರಸ್ತೆ ಮೇಲೆ ಸವೆಯಬಾರದು' ಅಂತ ಮಾರನೇ ದಿನವೇ ಇಳಿಸಿಬಿಡ್ತಾರೆ. ಇವನ ಮುಂಚಿನವನು ಹಾಗೇ ಆಫೀಸಿಗೆ ಹೋದ. ಈಗ ಜಲಪಾತ ನೋಡೋದು ಕ್ಯಾಲೆಂಡರಿನಲ್ಲಿ. ಆದರೆ ಒಬ್ಬೇ ಒಬ್ಬರು ಗೊಣಗಿದ್ರೂ ಆಗಲ್ಲ ಸಾರ್."

ವಾಚಣ್ಣನ ಹೊಟ್ಟೆಗೆ ಹಾಲು ಹೊಯ್ದಂತಾಯಿತು. ಗೈಡೇ ಇಲ್ಲದ ಮೇಲೆ ನಾಲ್ಕನೆಯ ಸಲ ಯಾವಳು ಹೋಗುತ್ತಾಳೆ! ಅಲ್ಲಿಂದಾಚೆಗೆ ಆ ವ್ಯಾನು ಹಿಂದೆಂದೂ ಕಾಣದ ದೃಶ್ಯವೊಂದನ್ನು ಕಂಡಿತು. ಹೊಟ್ಟೆಕಿಚ್ಚಿನಿಂದ ಒಳಗೊಳಗೇ ಬೇಯುತ್ತಿದ್ದ ಮನುಷ್ಯ, ತನ್ನ ಕಡುವೈರಿಯ ಪ್ರತಿ ಮಾತಿಗೂ ಎದ್ದು ನಿಂತು ಚಪ್ಪಾಳೆ ತಟ್ಟುತ್ತಿದ್ದ.

"ಬಲಗಡೆ ಶೌಚಾಲಯ ಇದೆ," ಎಂದ ಗೈಡ್.

"ಆಹಾ! ಎಷ್ಟು ಚೆನ್ನಾಗಿ ಹೇಳಿದ್ರಿ!" ಎಂದ ವಾಚಣ್ಣ.

"ನಿಂಗೇನಾದ್ರೂ ಹುಚ್ಚಾ?" ಎಂದು ಟೈಲರ್ ಕಿವಿಯಲ್ಲಿ ಕೇಳಿದ. ಹೆಂಡತಿಯೂ ತಿರುಗಿ ನೋಡಿದಳು. "ನಿಮಗೂ ಇವರು ಇಷ್ಟ ಆದ್ರಾ?" ಎಂದಳು, ಕಣ್ಣರಳಿಸಿ. ಆ "ನಿಮಗೂ" ಎನ್ನುವುದರ ಕೊನೆಯ ದೀರ್ಘ ವಾಚಣ್ಣನ ಎದೆಗೆ ಸೂಜಿಯಂತೆ ನಾಟಿತು.

ಜಲಪಾತ ತಲುಪುತ್ತಲೇ ಕಷ್ಟ ಶುರುವಾಯಿತು. ಗೈಡ್ ತೆಗೆದ ಫೋಟೋದಲ್ಲಿ ಹೊಸ ಗಂಡ ಕಣ್ಣು ಮುಚ್ಚಿದ್ದ. "ಈ ಗೈಡಿಗೆ ಫೋಟೋನೂ ತೆಗೆಯೋಕೆ ಬರಲ್ಲ," ಎಂದು ಹೊಸ ಹೆಂಡತಿ ಮುಖ ಊದಿಸಿದಳು. ಒಂದು ಓಟು ಹೋಗುತ್ತದಲ್ಲ ಎಂದು ವಾಚಣ್ಣ ಓಡಿದ. "ಅಯ್ಯೋ, ಗೈಡ್ ಅವ್ರು ಚೆನ್ನಾಗೇ ತೆಗೆದಿದ್ದಾರಮ್ಮ. ನಿನ್ನ ಅಂದಕ್ಕೆ ಅವನೇ ಕಣ್ಣು ಮುಚ್ಚಿದ್ದು. ಇನ್ನೊಂದು ಸಲ ನಿಂತ್ಕೊಳ್ಳಿ, ನಾನು ಕೊಡೆ ಹಿಡೀತೀನಿ," ಎಂದು ತುಂತುರು ಬೀಳದಂತೆ ಕೊಡೆ ಹಿಡಿದು, ಫೋಟೋದಲ್ಲಿ ತಾನು ಕಾಣಬಾರದೆಂದು ಒಂದು ಹೆಜ್ಜೆ ಹಿಂದಕ್ಕೆ ಸರಿದ. ಇನ್ನೊಂದು ಹೆಜ್ಜೆ ಸರಿದ. ಮೂರನೆಯ ಹೆಜ್ಜೆಗೆ ಅಲ್ಲಿ ಕಂಬಿಯೂ ಇರಲಿಲ್ಲ, ನೆಲವೂ ಇರಲಿಲ್ಲ.

ಕೊಡೆಯ ಸಮೇತ ವಾಚಣ್ಣ ಮಡುವಿಗೆ ಬಿದ್ದ. ನೀರು ಕತ್ತಿನ ತನಕ ಮಾತ್ರ ಇತ್ತು, ಆದರೆ ಮಂಜುಗಡ್ಡೆಯಂತೆ ಕೊರೆಯುತ್ತಿತ್ತು. ಗೈಡ್ ಒಂದೇ ನೆಗೆತಕ್ಕೆ ಇಳಿದು ಅವನ ಕಾಲರು ಹಿಡಿದ. ವಾಚಣ್ಣ ಬಾಯಲ್ಲಿ ನೀರು ತುಂಬಿಕೊಂಡು ದಡದ ಕಡೆ ನೋಡಿದ. ಹೆಂಡತಿ ಅಳುತ್ತಿರಬಹುದು, ಕೈಚಾಚಿ ಓಡಿ ಬರುತ್ತಿರಬಹುದು.

ಅವಳು ಅವನಿಗೆ ಬೆನ್ನು ಮಾಡಿ ನಿಂತಿದ್ದಳು. "ಎಲ್ರೂ ಕಂಬಿಯಿಂದ ಹಿಂದೆ ಬನ್ನಿ! ಯಾರೂ ಓಡ್ಬೇಡಿ!" ಎಂದು ಎರಡೂ ಕೈ ಅಗಲಿಸಿ ಗದರುತ್ತ, ಬೆರಳು ಮಡಚಿ ತಲೆ ಎಣಿಸುತ್ತಿದ್ದಳು. ಲೆಕ್ಕದ ಮೇಷ್ಟ್ರು ಕೂಡ ಬಾಯಿ ಮುಚ್ಚಿಕೊಂಡು ಹಿಂದೆ ಸರಿದಿದ್ದರು.

ಕಟ್ಟಿಕೊಂಡವನು ಮುಳುಗುತ್ತಿದ್ದರೆ ಇವಳು ತಲೆ ಎಣಿಸುತ್ತಿದ್ದಾಳೆ! ವಾಚಣ್ಣನನ್ನು ಚಳಿಗಿಂತ ಅದೇ ಹೆಚ್ಚು ನಡುಗಿಸಿತು. ಆಮೇಲೆ ಅವಳು ಓಡಿ ಬಂದು ತಲೆ ಒರೆಸಿದಳು, ಕೈ ಉಜ್ಜಿದಳು, ಕಣ್ಣಲ್ಲಿ ನೀರೂ ಇತ್ತು. ಅವನು ಅದನ್ನು ಲೆಕ್ಕಕ್ಕೆ ಹಿಡಿಯಲಿಲ್ಲ. ಹಾಕಿಕೊಳ್ಳಲು ಒಣಬಟ್ಟೆ ಇದ್ದದ್ದು ಗೈಡಿನ ಇನ್ನೊಂದು ಜಾಕೀಟು ಮಾತ್ರ. ವೈರಿಯ ಹಳದಿ ಜಾಕೀಟಿನೊಳಗೆ ವಾಚಣ್ಣ ಒದ್ದೆ ಕೋಳಿಯಂತೆ ಕೂತ. ದಾರಿಯಲ್ಲಿ ಇಬ್ಬರು ಅಪರಿಚಿತರು ಬಂದು, ಜಲಪಾತಕ್ಕೆ ದಾರಿ ಯಾವುದು ಎಂದು ಅವನನ್ನೇ ಕೇಳಿದರು.

ಈಗ ಉಳಿದದ್ದು ಲೆಕ್ಕದ ಮೇಷ್ಟ್ರು. ಅವರು ಗೈಡ್ ಹೇಳಿದ ಜಲಪಾತದ ಎತ್ತರವನ್ನು ಒಪ್ಪಿರಲಿಲ್ಲ. ಬೆಟ್ಟದ ವಯಸ್ಸನ್ನೂ ಒಪ್ಪಿರಲಿಲ್ಲ. ವಾಚಣ್ಣ ಅವರ ಚೀಲ ಹೊತ್ತ, ಮೆಟ್ಟಿಲಲ್ಲಿ ಕೈ ಹಿಡಿದ, ಬಾಳೆಹಣ್ಣು ಸುಲಿದು ಕೊಟ್ಟ.

"ಆ ಹುಡುಗನದು ಬರೀ ಬಾಯಿ," ಎಂದರು ಮೇಷ್ಟ್ರು, ಹಣ್ಣು ತಿಂದು. "ಸಂಜೆ ಕೇಳಿದ್ರೆ ಮುಖಕ್ಕೇ ಹೇಳ್ತೀನಿ."

 ಅಷ್ಟರಲ್ಲಿ ಅವರ ಮಣಿಕಟ್ಟು ವಾಚಣ್ಣನ ಕಣ್ಣಿಗೆ ಬಿತ್ತು. ಹಳೆಯ ಕೀಲಿ ಕೊಡುವ ವಾಚು, ಮುಳ್ಳು ಸತ್ತು ಬಿದ್ದಿತ್ತು.

"ನಮ್ಮ ಅಪ್ಪಂದು," ಎಂದರು ಮೇಷ್ಟ್ರು. "ಎಲ್ಲರೂ ಕೈ ಬಿಟ್ಟಾಯ್ತು. ಸುಮ್ನೆ ಕಟ್ಕೊಂಡಿದ್ದೀನಿ."

ವಾಚಣ್ಣ ಜೇಬಿನಿಂದ ಭೂತಗನ್ನಡಿ ತೆಗೆದ. ವ್ಯಾನು ವಾಪಸ್ ಹೊರಟ ಮೇಲೆ ಎಗರುವ ಸೀಟಿನಲ್ಲಿ, ಟೈಲರನ ಬೆನ್ನನ್ನೇ ಮೇಜು ಮಾಡಿಕೊಂಡು, ಅವನದೇ ಗುಂಡುಸೂಜಿಯ ತುದಿಯಿಂದ ವಾಚಿನೊಳಗೆ ಸಿಕ್ಕಿದ್ದ ಕೂದಲೆಳೆಯಂಥ ಕಸವನ್ನು ಹೊರಗೆಳೆದ. ಬೆಟ್ಟ ಇಳಿಯುವ ತನಕ ಟೈಲರ್ ಉಸಿರು ಬಿಡಲಿಲ್ಲ. ವಾಚು ಟಿಕ್ ಎಂದಿತು. ಮೇಷ್ಟ್ರು ಅದನ್ನು ಕಿವಿಗೆ ಹಿಡಿದು ಬಹಳ ಹೊತ್ತು ಕೂತರು.

"ಏನು ಬೇಕು ಕೇಳಪ್ಪಾ."

"ಏನೂ ಬೇಡ ಸಾರ್. ಆ ಗೈಡ್ ಬಗ್ಗೆ ನಾಲ್ಕು ಒಳ್ಳೆ ಮಾತು."

ಮೇಷ್ಟ್ರು ಅವನನ್ನು ವಿಚಿತ್ರವಾಗಿ ನೋಡಿ, "ನಿನ್ನ ತಮ್ಮನೇನು?" ಎಂದರು.

ಸಂಜೆ ಆಫೀಸಿನ ಅಂಗಳದಲ್ಲಿ ಯಜಮಾನಿ ತಾವೇ ಟೀ ಹಿಡಿದು ನಿಂತಿದ್ದರು. ನರೆತ ಕೂದಲಿನ, ಗಟ್ಟಿ ದನಿಯ ಹೆಂಗಸು. ಹೊಸ ಜೋಡಿ ಹೊಗಳಿತು. ಟೈಲರ್ ಬೆನ್ನು ನೀವಿಕೊಳ್ಳುತ್ತ ಹೊಗಳಿದ. ಲೆಕ್ಕದ ಮೇಷ್ಟ್ರು ಗಂಟಲು ಸರಿ ಮಾಡಿಕೊಂಡು, "ಪರವಾಗಿಲ್ಲ. ತುಂಬ ಚೆನ್ನಾಗಿತ್ತು," ಎಂದುಬಿಟ್ಟರು.

ವಾಚಣ್ಣನ ಸರದಿ ಬಂತು. "ಅಮ್ಮಾ, ಇಂಥ ಗೈಡನ್ನ ನಾನು ಜನ್ಮದಲ್ಲಿ ಕಂಡಿಲ್ಲ. ನನ್ನ ಪ್ರಾಣ ಉಳಿಸಿದ್ರು. ಇಂಥವರು ರಸ್ತೆ ಮೇಲೆ ಸವೆಯಬಾರದು!" ಕೊನೆಗೆ ಅವನ ಕಣ್ಣಲ್ಲಿ ನಿಜವಾಗಿಯೂ ನೀರು ಬಂತು. ಅದು ಹೊಟ್ಟೆಕಿಚ್ಚಿನ ನೀರು ಎಂದು ಯಾರಿಗೂ ಗೊತ್ತಾಗಲಿಲ್ಲ.

ಯಜಮಾನಿ ತಲೆಯಾಡಿಸಿದರು. "ನನ್ನ ಮನಸ್ಸಿನ ಮಾತೇ ಆಡಿದ್ರಿ. ನಾಳೆಯಿಂದ ಇವನು ವ್ಯಾನ್ ಹತ್ತೋದು ಬೇಡ."

ವಾಚಣ್ಣ ಹೆಂಡತಿಯ ಕಡೆ ಗೆದ್ದ ಕಣ್ಣಿನಿಂದ ನೋಡಿದ. ಅವಳು ಯಾಕೋ ಚಪ್ಪಾಳೆ ತಟ್ಟುತ್ತಿದ್ದಳು.

"ಆಫೀಸಿನ ಕುರ್ಚಿ ಮುಂಚಿನವನಿಗೆ ಕೊಟ್ಟಾಗಿದೆ," ಎಂದು ಯಜಮಾನಿ ಮುಂದುವರಿಸಿದರು. "ಇವನು ಇನ್ಮೇಲೆ ಹೊಸ ಗೈಡುಗಳಿಗೆ ಪಾಠ ಹೇಳ್ಕೊಡ್ಲಿ. ಸದ್ಯಕ್ಕೆ ಹೊಸಬರು ಒಬ್ಬರೇ ಇರೋದು. ನಮ್ಮ ಕಂಪನೀಲಿ ಕೆಲಸ ಬೇಕು ಅಂದ್ರೆ ಮೂರು ಸಲ ಪ್ರವಾಸಕ್ಕೆ ಬರ್ಬೇಕು. ಮೂರ್ನೇ ಸಲವೂ ಬೇಜಾರಾಗ್ದಿದ್ರೆ ಕೆಲಸ ಅವರದ್ದು. ಇವತ್ತು ಇವರದ್ದು ಮೂರನೇದು. ಗಂಡ ನೀರಿಗೆ ಬಿದ್ರೂ ಗುಂಪು ಬಿಟ್ಟು ಕದಲಲಿಲ್ಲವಂತೆ, ಡ್ರೈವರ್ ಹೇಳ್ದ. ಬಾರಮ್ಮಾ!"

ವಾಚಣ್ಣನ ಹೆಂಡತಿ ಮುಂದೆ ಬಂದಳು. ಗೈಡ್ ತನ್ನ ಕೊರಳಿನ ಸೀಟಿ ತೆಗೆದು ಅವಳ ಕೈಗಿಟ್ಟ.

"ನೀನು... ನಂಗೆ ಹೇಳ್ಲೇ ಇಲ್ವಲ್ಲ!" ಎಂದ ವಾಚಣ್ಣ. 

"ಅಯ್ಯೋ, ಹೇಳ್ದೆನಲ್ರೀ. ಕೆಲಸಕ್ಕೆ ಸೇರ್ಲಾ ಅಂತ ಕೇಳ್ದೆ, ಹೂಂ ಅಂದ್ರಿ. ಜೋಕೆಲ್ಲ ಬಾಯಿಪಾಠ ಮಾಡ್ಬೇಕು, ಕೇಳ್ತೀರಾ ಅಂದೆ, ಅದಕ್ಕೂ ಹೂಂ ಅಂದ್ರಿ, ಆಮೇಲೆ ಕೇಳ್ಲಿಲ್ಲ. ಕೊನೆಗೆ ಹಾಲಿನವನಿಗೆ ಒಪ್ಪಿಸ್ದೆ. ಇಲ್ಲಿ ಪಾಠಕ್ಕೆ ಜಾಗ ಇಲ್ಲವಂತೆ, ನಮ್ಮ ಮಹಡಿ ಮೇಲಿನ ರೂಮು ಕೊಡೋಣ್ವಾ ಅಂದೆ. ಅದಕ್ಕೂ ಹೂಂ ಅಂದ್ರಲ್ಲ!"

ಮಹಡಿಯ ರೂಮು! ತನ್ನ ನೆತ್ತಿಯ ಮೇಲೆ, ದಿನವಿಡೀ, ಇವಳೂ ಅವನೂ, ಗಂಡಬೆಟ್ಟವೂ! ವಾಚಣ್ಣ ಯಜಮಾನಿಯತ್ತ ತಿರುಗಿ, "ಅಮ್ಮಾ, ನಾನು ಹೇಳಿದ್ದು ಸ್ವಲ್ಪ ಜಾಸ್ತಿ ಆಯ್ತು..." ಎನ್ನುವಷ್ಟರಲ್ಲಿ ಗೈಡ್ ಅವನ ಎರಡೂ ಕೈ ಹಿಡಿದುಕೊಂಡ. ಆ ಹುಡುಗನ ಕಣ್ಣು ತುಂಬಿ ಬಂದಿತ್ತು.

"ನನ್ನ ಬಗ್ಗೆ ಇಷ್ಟು ಒಳ್ಳೆ ಮಾತು ಯಾರೂ ಆಡಿಲ್ಲ ಅಣ್ಣಾ. ಇನ್ಮೇಲೆ ನಿಮ್ಮನೆ ನನ್ನ ಮನೆ. ನಾಳೆ ಬೆಳಿಗ್ಗೆಯೇ ಬರ್ತೀನಿ, ಆಗ್ಬಹುದಾ?"

ಎಲ್ಲರೂ ವಾಚಣ್ಣನ ಬಾಯನ್ನೇ ನೋಡುತ್ತಿದ್ದರು. ಮೇಷ್ಟ್ರು ವಾಚನ್ನು ಕಿವಿಯಿಂದ ಇಳಿಸಿದರು. ಹಳದಿ ಜಾಕೀಟಿನೊಳಗಿನ ಬೆಟ್ಟ ಕೂತಲ್ಲೇ ಒಂದು ಸಲ ನಡುಗಿ, ತನಗೆ ಗೊತ್ತಿದ್ದ ಒಂದೇ ಒಂದು ಸದ್ದು ಹೊರಡಿಸಿತು.

"ಹೂಂ."

ಹೆಂಡತಿ ಒಂದು ಗಳಿಗೆ ಅವನನ್ನು ನೋಡಿದಳು. ಆಮೇಲೆ ನಗತೊಡಗಿದಳು. ಬಿದ್ದು ಬಿದ್ದು ನಕ್ಕಳು, ಬಿಕ್ಕಳಿಕೆ ಬರುವ ತನಕ ನಕ್ಕಳು. ಗೈಡ್ ಓಡಿ ಹೋಗಿ ಅವಳಿಗೆ ನೀರು ತಂದುಕೊಟ್ಟ.