ಜಗಲಿ ಮೇಲಿನ ಕ್ಯಾಸೆಟ್ಟು

ಒಂದು ವಸ್ತುವನ್ನು ಹಾಳುಮಾಡಲು ಅಲಕ್ಷ್ಯವೇ ಬೇಕೆಂದಿಲ್ಲ, ಭಕ್ತಿಯೂ ಸಾಕು. ಇದು ನನ್ನ ಸ್ವಂತ ಸಂಶೋಧನೆ. ಶಹಾಪುರದ ನಮ್ಮ ಮನೆಯ ದೇವರ ಜಗಲಿಯಲ್ಲಿ, ಹಿತ್ತಾಳೆಯ ನಂದಿಯ ಪಕ್ಕಕ್ಕೆ ಒಂದು ಕ್ಯಾಸೆಟ್ಟು ಇತ್ತು. ಹೆಂಡತಿಯ ತವರು ವನದುರ್ಗ. ಅಲ್ಲಿಗೆ ಕಾಲುವೆ ನೀರು ಮೊದಲ ಸಲ ಬಂದ ದಿನ ನಮ್ಮತ್ತೆ ಹಾಡಿದ ಬೀಸುವ ಪದ ಅದರಲ್ಲಿತ್ತು. ಟೇಪ್ ಮಾಡಿದವನು ನಾನೇ. ಪದ ಅರ್ಧಕ್ಕೇ ನಿಂತಿದೆ, ಉಳಿದದ್ದನ್ನು ಮಷೀನು ನುಂಗಿತು ಎಂದು ಹೆಂಡತಿಗೆ ಹೇಳಿದವನೂ ನಾನೇ. ಹೇಳಿ ಹೇಳಿ ಅದನ್ನು ನಾನೂ ನಂಬಿದ್ದೆ. ಆ ವರ್ಷವೇ ಅತ್ತೆ ತೀರಿಕೊಂಡರು. ಹೆಂಡತಿಗೆ ಅದನ್ನು ಕೇಳುವ ಧೈರ್ಯ ಬರಲಿಲ್ಲ. ನಾನು ಜಗಲಿಗೇರಿಸಿ, ಸೋಮವಾರಕ್ಕೊಮ್ಮೆ ವಿಭೂತಿ ಹಚ್ಚಿ ಊದುಬತ್ತಿ ಬೆಳಗುತ್ತ ಬಂದೆ. ಜಗಲಿಯ ದೇವರನ್ನು ಯಾರಾದರೂ ಟೇಪ್ ರೆಕಾರ್ಡರಿಗೆ ಹಾಕುತ್ತಾರೆಯೇ? ವರ್ಷಗಳು ಹಾಗೇ ಹೋದವು.

ಒಂದು ದಿನ ಹೆಂಡತಿ, "ಅವ್ವನ ಮಾರಿ ಕಣ್ಣಾಗ ಐತ್ರಿ. ದನಿ ಮರತ ಹೋಗಾಕತ್ತೈತಿ. ಒಮ್ಮಿ ಹಚ್ರಿ" ಅಂದಳು. ಹಚ್ಚಿದೆ. ಕಿರ್ ಎಂದು ನಿಂತಿತು. ಸಂದಿಯಿಂದ ಬೂದಿ ಉದುರಿತು. ಅವಳು ಆ ಬೂದಿಯನ್ನು ಸೆರಗಿನಿಂದ ಒರೆಸಿ ಒಳಗೆ ಹೋದಳು. ಬೈದಿದ್ದರೆ ಎಷ್ಟೋ ವಾಸಿಯಿತ್ತು.

ಸುರಪುರದಲ್ಲಿ ಹಳೆ ಟೇಪುಗಳಿಗೆ ಜೀವ ಕೊಡುವ ಖಾಸಿಂಸಾಬರಿದ್ದಾರೆ ಎಂದು ಕೇಳಿ ಅಲ್ಲಿಗೆ ಓಡಿದೆ. ಅವರು ಕ್ಯಾಸೆಟ್ಟನ್ನು ಮೂಸಿ ನೋಡಿ, "ಸರ, ಇದು ಕ್ಯಾಸೆಟ್ಟೋ, ಶರಣರ ಗದ್ದಿಗಿಯೋ?" ಎಂದು ಕೇಳಿದರು.

"ಭಕ್ತಿಯಿಂದ ವಿಭೂತಿ ಹಚ್ಚೀನ್ರಿ" ಎಂದೆ.

"ಭಕ್ತಿ ಮನಸಿನಾಗ ಇರಬೇಕ್ರಿ, ರೀಲಿನಾಗಲ್ಲ."

ಆ ಮನುಷ್ಯನ ತಾಳ್ಮೆಗೆ ನಾನು ಕೈಮುಗಿಯುತ್ತೇನೆ. ಡಬ್ಬಿ ಒಡೆದು, ರೀಲನ್ನು ಗೇಣು ಗೇಣು ಬಿಚ್ಚಿ, ಕೂಸಿನ ಮೂಗು ಒರೆಸುವ ಹಾಗೆ ಒರೆಸಿದರು. ಹರಿದಲ್ಲಿ ಅಂಟಿಸಿ, ಹೊಸ ಡಬ್ಬಿಗೆ ಸುತ್ತಿದರು. ನಾಲ್ಕು ದಿನ ಅದೇ ಕೆಲಸ. ನಾನು ಕಚೇರಿಯಲ್ಲಿ ನಾಲ್ಕು ದಿನಕ್ಕೆ ಒಂದು ಫೈಲು ಮುಗಿಸಿದವನಲ್ಲ, ನಾಲ್ಕು ದಿನ ಅದನ್ನು ಎದುರಿಗಿಟ್ಟುಕೊಂಡು ಕೂತವನು.

ಐದನೆಯ ದಿನ ಹೆಂಡತಿಯನ್ನೂ ಕರೆದುಕೊಂಡು ಹೋದೆ. ಖಾಸಿಂಸಾಬರು ಗುಂಡಿ ಒತ್ತಿದರು. ಬೀಸುಕಲ್ಲಿನ ಗರಗರ, ಒಂದು ಎಮ್ಮೆಯ ಕೂಗು, ಅದರ ಹಿಂದೆಯೇ ಅತ್ತೆಯ ದನಿ. ಹೆಂಡತಿ ಸೆರಗನ್ನು ಬಾಯಿಗೊತ್ತಿಕೊಂಡಳು.

ಸುಮ್ಮನಿರಲಾರದೆ, "ಆ ಎಮ್ಮಿ ತೆಗೀಬಹುದೇನ್ರಿ?" ಎಂದು ಕೇಳಿದೆ.

"ಅದನ್ನ ತೆಗ್ಯಾಕ ಹೋದ್ರ ಅವ್ವಾರ ದನೀನೂ ತೆಳ್ಳಗಾಗ್ತೈತ್ರಿ. ಇದ್ದದ್ದು ಇರಲಿ."

ಅಷ್ಟರಲ್ಲಿ ಪದದ ನಡುವೆ ಒಂದು ಗಂಡಸಿನ ದನಿ ಕೇಳಿತು: "ಸಾಕ್ರಿ ಅತ್ತಿ, ನೀರ ನೋಡಾಕ ಹೋಗಬೇಕು. ಉಳಿದದ್ದು ನಾಳಿ ಹಾಡ್ರಿ." ಟಕ್. ಟೇಪು ನಿಂತಿತು.

ಆ ದನಿ ನನ್ನದು. ಮಷೀನು ಏನನ್ನೂ ನುಂಗಿರಲಿಲ್ಲ.

ಖಾಸಿಂಸಾಬರು ನನ್ನ ಮುಖ ನೋಡದೆ, "ಅಕ್ಕಾರ, ಕಡೀಕಿನ ಆ ಮಾತು ಬೇಕಾದ್ರ ಕತ್ತರಸ್ತೀನ್ರಿ" ಅಂದರು.

ಹೆಂಡತಿ ಕಣ್ಣೊರೆಸಿಕೊಂಡಳು. "ಬ್ಯಾಡ್ರಿ. ಎಮ್ಮಿ ಇರಲಿ ಅಂದ್ರೆಲ್ಲ, ಇವರೂ ಇರಲಿ."

ಈಗ ಪ್ರತಿ ಸೋಮವಾರ ನಮ್ಮ ಮನೆಯಲ್ಲಿ ಹೆಂಡತಿ ಆ ಪದ ಹಚ್ಚುತ್ತಾಳೆ. ವಿಭೂತಿಯನ್ನು ನಾನು ಹಣೆಗಷ್ಟೇ ಹಚ್ಚಿಕೊಳ್ಳುತ್ತೇನೆ. ಪದ ಅರ್ಧಕ್ಕೆ ಬರುವ ಹೊತ್ತಿಗೆ ಸರಿಯಾಗಿ ನನಗೆ ಹಿತ್ತಲಲ್ಲಿ ಏನೋ ಕೆಲಸ ನೆನಪಾಗುತ್ತದೆ.