ಡ್ರೈವರ್ ಹಾಕಿದರೆ ಆರುನೂರು ಕೆ.ಜಿ.

ಮಳವಳ್ಳಿಯಲ್ಲಿ ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟುಕೊಂಡವನಿಗೆ ಇಂಥವು ನಡೆಯುತ್ತಲೇ ಇರುತ್ತವೆ. ನಗು ಬರುವುದು ಆಮೇಲೆ, ಆ ಹೊತ್ತಿಗೆ ಬೆವರು ಮಾತ್ರ. ಪ್ರಿಂಟರು, ಪರದೆ, ನೆಟ್ಟು, ಎಲ್ಲಕ್ಕೂ ಕಂಪ್ಯೂಟರಿನ ಜೊತೆ ಮಾತಾಡಲು ಡ್ರೈವರ್ ಎಂಬ ಸಾಫ್ಟ್‌ವೇರ್ ಬೇಕು. ನೆಟ್ ಇಲ್ಲದೆ ಡ್ರೈವರ್ ಸಿಗದು, ಡ್ರೈವರ್ ಇಲ್ಲದೆ ನೆಟ್ ಬಾರದು. ಹುಚ್ಚು ಬಿಡದೆ ಮದುವೆಯಾಗದು, ಮದುವೆಯಾಗದೆ ಹುಚ್ಚು ಬಿಡದು. ಅದಕ್ಕೇ ಸಾವಿರಾರು ಡ್ರೈವರು ತುಂಬಿದ ಹಾರ್ಡ್ ಡಿಸ್ಕ್ ಒಂದು ಸದಾ ನನ್ನ ಚೀಲದಲ್ಲಿರುತ್ತದೆ. ಬೇಕಾದ್ದನ್ನು ಮಾತ್ರ ಆರಿಸಿ ಹಾಕಬೇಕು ಎಂಬುದು ನನ್ನ ನಿಯಮ. ಗಿರಾಕಿಗಳ ನಿಯಮ ಬೇರೆ.

ಮದ್ದೂರಿನ ಪರದೆ

ಮದ್ದೂರಿನ ಜೆರಾಕ್ಸ್ ಅಂಗಡಿಯವರು ಎಲ್ಲಿಂದಲೋ ಇಂಥದೇ ಡ್ರೈವರ್ ಪ್ಯಾಕ್ ತಂದು, ಎಲೆ ಮುಂದೆ ಕೂತ ಮೇಲೆ ಬಡಿಸಿದ್ದೆಲ್ಲ ಹಾಕಿಸಿಕೊಳ್ಳಬೇಕು ಎನ್ನುವವರಂತೆ ಎಲ್ಲಕ್ಕೂ ಟಿಕ್ ಹೊಡೆದರು. ಪರದೆಯಲ್ಲಿ ಅಕ್ಷರಗಳೆಲ್ಲ ತಲೆಕೆಳಗಾದವು. ಹಾಲ್ ಟಿಕೆಟ್ಟಿಗೆ ಬಂದ ಹುಡುಗಿಯರು ಅಳುವುದೊಂದು ಬಾಕಿ ಎಂದು ಫೋನು ಬಂತು. ಬಸ್ಸು ಹತ್ತಿ ಓಡಿದೆ.

ಹೋಗಿ ನೋಡಿದರೆ ಅಕ್ಷರಗಳು ನೆಟ್ಟಗೇ ಇವೆ. ಆದರೂ ಒಳಗಿದ್ದದ್ದು ತಪ್ಪು ಡ್ರೈವರ್, ಸರಿಯಾದದ್ದು ಹಾಕಿದೆ. ಎಲ್ಲ ತಲೆಕೆಳಗಾಯಿತು. ವೈರು ನೋಡೋಣವೆಂದು ಮಾನಿಟರಿನ ಮೇಲಿದ್ದ ಟವೆಲ್ ಎತ್ತಿದೆ. ಅವರು ಮಾನಿಟರನ್ನೇ ಕಾಲು ಮೇಲೆ ಮಾಡಿ ಗೋಡೆಗೆ ಒರಗಿಸಿ, ಆ ಕಾಲಿಗೆ ಟವೆಲ್ ನೇತುಹಾಕಿದ್ದರು.

"ಬೆಳಗ್ಗಿಂದ ಚೆಂದಾಗಿತ್ತು ಭಾಯ್, ನೀವು ಬಂದು ಕೆಡಿಸುದ್ರಿ" ಅಂದರು.

ಸ್ಟುಡಿಯೋದ ಕರ್ಚೀಫು

ನಮ್ಮೂರಿನದೇ ಫೋಟೊ ಸ್ಟುಡಿಯೋ. ಸಂಜೆಯೊಳಗೆ ಮದುವೆ ವಿಡಿಯೋ ಕೊಡಬೇಕು, ಸೌಂಡ್ ಬರುತ್ತಿಲ್ಲ. ಡ್ರೈವರ್ ಹಾಕುವ ಮೊದಲು ಕಂಪ್ಯೂಟರ್ ಹೇಗಿದೆಯೋ ಹಾಗೆ ಉಳಿಸಿಡುವುದು ನನ್ನ ರೂಢಿ, ಅದು ಮುಗಿಯುವವರೆಗೆ ಯಾರು ಬೈದರೂ ಅಲ್ಲಾಡುವುದಿಲ್ಲ. ಸುಮ್ಮನೆ ಯಾಕೆ ಕೂತಿದ್ದೀರಿ ಎಂದು ಸ್ಟುಡಿಯೋದವರು ಸಿಡುಕಿದರು. ಕೆಟ್ಟರೆ ಮತ್ತೆ ಮೊದಲಿದ್ದಂತೆ ಮಾಡಬಹುದು ಎಂದೆ.

ಅವರು ಅಷ್ಟು ಹೊತ್ತೂ ಬಾಯಿಗೆ ಹಿಡಿದಿದ್ದ ಕರ್ಚೀಫು ಇಳಿಸಿದರು. ಬೆಳಿಗ್ಗೆ ಕ್ಷೌರದವನ ಕೈ ಜಾರಿ ಮೀಸೆ ಅರ್ಧ ಹೋಗಿತ್ತು.

"ಇದ್ಕೂ ಏನಾರ ಅದಾ ಭಾಯ್?"

ಕೊತ್ತತ್ತಿ ಕಡೆಯ ತೂಕ

ಕೊತ್ತತ್ತಿ ರಸ್ತೆಯಲ್ಲೊಂದು ವೇಬ್ರಿಡ್ಜು. ಕಬ್ಬಿನ ಟ್ರ್ಯಾಕ್ಟರು ಹತ್ತಿ ನಿಲ್ಲುವ ದೊಡ್ಡ ಕಬ್ಬಿಣದ ಹಲಗೆ, ಅದಕ್ಕೆ ಅಂಟಿದಂತೆ ಕಿಟಕಿಯ ಕೋಣೆ, ಒಳಗೆ ಕಂಪ್ಯೂಟರು. ತೂಕ ಕಾಣುವುದು ಅದರಲ್ಲೇ. ತೂಗುವವನು ಹೊಸದೆಲ್ಲ ಒಳ್ಳೆಯದೆಂದು ನಂಬಿ ಎಲ್ಲ ಡ್ರೈವರನ್ನೂ ಅಪ್‌ಡೇಟ್ ಮಾಡಿದ್ದ. ಅಲ್ಲಿನ ಹಳೇ ಕೇಬಲ್ಲಿಗೆ ಹೊಸ ಡ್ರೈವರ್ ಒಗ್ಗಲಿಲ್ಲ, ತೂಕ ಬರುವುದೇ ನಿಂತಿತು.

ಹೊರಗೆ ಸುಡುಬಿಸಿಲು. ಟ್ರ್ಯಾಕ್ಟರುಗಳ ಸಾಲು. ಕಡಿದ ಕಬ್ಬು ಒಣಗಿದಷ್ಟೂ ತೂಕ ಕಮ್ಮಿ, ನಷ್ಟ ರೈತರಿಗೆ. ಎಲ್ಲರೂ ಬಂದು ಕಿಟಕಿಗೆ ಮುತ್ತಿಕೊಂಡರು. ಮುಂದೆ ನಿಂತಿದ್ದ ಹಿರಿಯರೊಬ್ಬರು, "ಬಿರ್ರನೆ ಮಾಡಪ್ಪ, ನಮ್ ಕಬ್ಬು ಗಾಳಿಗೆ ಓಯ್ತಾ ಅದೆ" ಎಂದು ಒಂದೇ ಸಮ ಗದರುತ್ತಿದ್ದರು. ನನಗೆ ನಿಜವಾಗಿಯೂ ಭಯವಾಯಿತು.

ಹೊಸದನ್ನು ಕಿತ್ತು ಹಳೇ ಡ್ರೈವರ್ ಹಾಕಿದೆ. ಅಂಕಿ ಬಂತು. ಖಾಲಿ ಹಲಗೆಗೆ ಆರುನೂರು ಕೆ.ಜಿ. ಅದನ್ನೂ ಕಿತ್ತು ಇನ್ನೂ ಹಳೆಯದು ಹಾಕಿದೆ. ಏಳುನೂರು. ಇದೇನಾಯಿತೆಂದು ನೋಡಲು ಹಿಂದಿನ ಟ್ರ್ಯಾಕ್ಟರಿನವರೂ ಇಳಿದು ಬಂದರು. ಮತ್ತೊಂದು ಹಾಕಿದೆ. ಎಂಟುನೂರು ದಾಟಿತು.

ಹಿರಿಯರು ಕೆಂಡವಾದರು. "ಏನೂ ಇಲ್ದೆ ಇಷ್ಟು ತೋರುಸ್ತದಲ್ಲ, ನಮ್ ಕಬ್ಬು ತೂಗುವಾಗ ಯಾಕ್ಲಾ ಕಮ್ಮಿ ತೋರುಸ್ತದೆ?"

ಉತ್ತರ ಕೊಡಲು ಎದ್ದು ಕಿಟಕಿಯಿಂದ ಕತ್ತು ಹೊರಗೆ ಹಾಕಿದೆ. ಆಗ ಅವರ ಕಾಲುಗಳು ಕಂಡವು. ಊರೇ ಹಲಗೆಯ ಮೇಲೆ ನಿಂತಿತ್ತು.

ಎಲ್ಲರನ್ನೂ ಕೆಳಗಿಳಿಸಿದೆ. ಸೊನ್ನೆ ಬಂತು. ಜೀವ ಬಂದಂತಾಗಿ, ಮೊದಲ ಟ್ರ್ಯಾಕ್ಟರು ಹತ್ತಲಿ ಎಂದು ಕೂಗಿದೆ. ಒಂದೂ ಅಲ್ಲಾಡಲಿಲ್ಲ. ನೋಡಿದರೆ ಹಲಗೆಯ ಪಕ್ಕ ಜನರದೇ ಸಾಲು. ಎಲ್ಲರಿಗಿಂತ ಮುಂಚೆ ಆ ಹಿರಿಯರು ಹಲಗೆಯ ನಡುವೆ ಒಬ್ಬರೇ ನೆಟ್ಟಗೆ ನಿಂತಿದ್ದರು.

"ಕಬ್ಬು ಎಲ್ಗೂ ಓಗಾಕಿಲ್ಲ ಬುಡಪ್ಪ. ಚಪ್ಲಿ ಕೆಳಗೆ ಬುಟ್ಟಿವ್ನಿ, ಸರ್ಯಾಗಿ ತೂಗು."