ಗುನ್ನಾರಪ್ಪನ ಕೊನೆಯ ಮಾತು

ತೊಂಬತ್ತೇಳರ ಯುಗಾದಿಯ ಬೆಳಿಗ್ಗೆ ಗುನ್ನಾರ್ ಬಾಯಿ ತಪ್ಪಿ ನಿಜ ಹೇಳಿಬಿಟ್ಟ. ಲಂಡನ್ನಿನ ಗ್ರೀನ್‌ಫರ್ಡ್ ಬಡಾವಣೆಯ ಮನೆಯಲ್ಲಿ ಹೋಳಿಗೆ ಬೇಯಿಸುತ್ತಿದ್ದ ಮನೆಯೊಡತಿ ಚನ್ನಬಸವ್ವ, "ಇವತ್ತ ಶೂಟಿಂಗ್‌ನ್ಯಾಗ ಏನ್ ಮಾಡ್ತೀಯೋ ಗುನ್ನಾರಪ್ಪಾ?" ಎಂದು ಕೇಳಿದಳು.

"ಸಾಯ್ತೀನವ್ವಾ," ಎಂದ. ಮಹಡಿಯ ಕೋಣೆಯಲ್ಲಿ ಬಾಡಿಗೆಗೆ ಇದ್ದೂ ಇದ್ದೂ ಅವಳ ವಿಜಯಪುರದ ಮಾತು ಅವನಿಗೂ ಅಂಟಿತ್ತು.

ಲಂಡನ್ನಿಗೆ ಬಂದಾಗಿನಿಂದ ಈ ಸ್ವೀಡನ್ನಿನ ನಟ ಮಾಡಿದ್ದೇ ಅದು. ಟಿ.ವಿ.ಯಲ್ಲಿ ರಷ್ಯದ ಗೂಢಚಾರನಾಗಿ ಸತ್ತಿದ್ದ, ಜರ್ಮನ್ ಸೈನಿಕನಾಗಿ ಸತ್ತಿದ್ದ, ಸಿನಿಮಾದಲ್ಲಿ ನಾರ್ವೆಯ ಕಪ್ತಾನನಾಗಿ ಹಡಗಿನ ಸಮೇತ ಮುಳುಗಿದ್ದ. ಸ್ವೀಡನ್ನಿನವನಾಗಲು ಮಾತ್ರ ಯಾರೂ ಕರೆದಿರಲಿಲ್ಲ. ಬಾಯಿ ತೆರೆಯುವ ಮೊದಲೇ ಗುಂಡು ಬೀಳುತ್ತಿತ್ತು. ಇವತ್ತಿನ ಆಸ್ಪತ್ರೆ ಧಾರಾವಾಹಿಯಲ್ಲಿ ಸಾಯುವ ಮುಂಚೆ ಒಂದು ಪುಟ ಮಾತಿತ್ತು! ಇದೊಂದು ಗೆದ್ದರೆ ಮುಂದೆಲ್ಲ ಮಾತಿನ ಪಾತ್ರಗಳೇ ಬರುತ್ತವೆಂದು ಅವನ ಆಸೆ. ವಾರದಿಂದ ಬಚ್ಚಲಲ್ಲೂ ಅದನ್ನೇ ಜಪಿಸುತ್ತಿದ್ದ.

ಚನ್ನಬಸವ್ವನ ಕೈಯಲ್ಲಿ ಹೋಳಿಗೆ ಹರಿಯಿತು. "ಯುಗಾದಿ ದಿನಾ ಸಾಯ್ತಾರೇನೋ ಹುಚ್ಚಪ್ಪಾ! ಇವತ್ತ ಮಾಡಿದ್ದ ವರ್ಷಪೂರ್ತಿ ಆಗ್ತದ."

"ಚಲೋ ಆತಲ್ಲ, ವರ್ಷಪೂರ್ತಿ ಕೆಲಸ!" ಎಂದು ನಗುತ್ತ ಓಡಿದ.

ಅವಳಿಗೆ ನಗು ಬರಲಿಲ್ಲ. ಪಕ್ಕದ ಮನೆಯ ಕಲ್ಲಯ್ಯ ಪಂಚಾಂಗ ಬಿಡಿಸಿ, "ಭಾಳ ಕೆಟ್ಟದ್ದು ಬಿಡ್ರಿ," ಎಂದು ಉರಿಯುವ ಬೆಂಕಿಗೆ ತುಪ್ಪ ಸುರಿದ. ಇಬ್ಬರೂ ಹೊರಟರು.

ಶೂಟಿಂಗ್ ನಡೆದಿದ್ದುದು ಹಿಂದಿನ ಬೀದಿಯ, ಮುಚ್ಚಿಹೋದ ಆಸ್ಪತ್ರೆಯಲ್ಲಿ. ಹಾಸಿಗೆಯ ಮೇಲೆ ಗುನ್ನಾರ್ ಗಂಟಲು ಸರಿಮಾಡಿಕೊಂಡು, "ನನ್ನ ಮಗಳಿಗೆ ಹೇಳಿ..." ಎಂದು ಶುರುಮಾಡಿದ್ದೇ ತಡ, ಚನ್ನಬಸವ್ವ ಕ್ಯಾಮೆರಾದ ಮುಂದೆಯೇ ನುಗ್ಗಿದಳು. ಹಿಂದೆ ಹೋಳಿಗೆ ಡಬ್ಬಿ ಹಿಡಿದ ಕಲ್ಲಯ್ಯ.

"ಏಳೋ ಯಪ್ಪಾ! ಹಬ್ಬದ ದಿನಾ ಯಾಕ ಸಾಯಾಕ ಹತ್ತೀ?"

"ಅವ್ವಾ, ಇದು ಸುಳ್ಳ ಸಾವು!"

"ಸುಳ್ಳಾದ್ರೇನು, ಮಲಗಿದಾಂವ ನೀನ ಅಲ್ಲೇನು? ನಿನ್ನ ಹಡದಾಕಿ ಅಷ್ಟು ದೂರ ಅದಾಳ. ಇಲ್ಲೆ ನನ್ನ ಕಣ್ಣಮುಂದ ಎಷ್ಟ ಸಲ ಸಾಯ್ತೀ?" ಎಂದವಳೇ ಅವನ ಕೈ ಹಿಡಿದು ಗೊಳೋ ಎಂದು ಅತ್ತಳು. ವರ್ಷಗಟ್ಟಲೆ ಟಿ.ವಿ. ಮುಂದೆ ನುಂಗಿಕೊಂಡ ಅಳು ಅದು. ಗುನ್ನಾರನ ಕಣ್ಣೂ ಒದ್ದೆಯಾಯಿತು.

ನಿರ್ದೇಶಕಿ ಕ್ಯಾಮೆರಾ ನಿಲ್ಲಿಸಿರಲಿಲ್ಲ. ಕನ್ನಡ ಒಂದಕ್ಷರ ತಿಳಿಯದಿದ್ದರೂ ಮೂಗು ಒರೆಸಿಕೊಳ್ಳುತ್ತ, "ಗುನ್ನಾರ್, ನೀನು ಸಾಯೋದು ಬೇಡ. ಧಾರಾವಾಹಿ ಮುಗಿಯೋವರೆಗೂ ಇರು," ಎಂದಳು.

ಚನ್ನಬಸವ್ವ ಕೈಮುಗಿದಳು. ಗುನ್ನಾರನಿಗೆ ಸ್ವರ್ಗ ಮೂರೇ ಗೇಣು. "ಹಾಗಾದರೆ ನನ್ನ ಮಾತುಗಳು?"

"ಮಾತೆಲ್ಲಿ? ನಿನಗೆ ಪ್ರಜ್ಞೆ ತಪ್ಪಿದೆ," ಎಂದು ನಿರ್ದೇಶಕಿ ಸನ್ನೆ ಮಾಡಿದಳು. ಯಾರೋ ಬಂದು ಅವನ ಬಾಯಿಗೆ ನಳಿಕೆ ತುರುಕಿ ಅಂಟುಪಟ್ಟಿ ಬಿಗಿದರು. ಆಮೇಲೆ ಅವಳು ಚನ್ನಬಸವ್ವನ ಹೆಗಲ ಮೇಲೆ ಕೈಯಿಟ್ಟು, "ನೀವು ವಾರವಾರವೂ ಇವನ ಪಕ್ಕ ಕೂತು ಹೀಗೇ ಒಂದು ಪುಟದಷ್ಟು ಮಾತಾಡ್ತೀರಾ?" ಎಂದು ಕೇಳಿದಳು.

ಚನ್ನಬಸವ್ವ ಸೆರಗಿನಿಂದ ಕಣ್ಣೊರೆಸಿಕೊಂಡು, ಹಾಸಿಗೆಯ ಪಕ್ಕ ಸರಿಯಾಗಿ ಕೂತಳು.

"ಒಂದ ಪುಟ ಸಾಲೂದಿಲ್ಲ ನೋಡವಾ," ಎಂದಳು.